ಬಲರಾಮನಿಗೆ ಮಗಳಿದ್ದಳೇ?

ವ್ಯಾಸಭಾರತದ ಅಭಿಮನ್ಯುವಿಗೆ ಒಬ್ಬಳೇ ಹೆಂಡತಿ. ವಿರಾಟನ ಮಗಳು ಉತ್ತರೆ. ಇನ್ನು ಬಲರಾಮನ ಸಂಸಾರದ ಲೆಕ್ಕ ತೆಗೆದರೆ, ರೇವತಿಯ ಮಕ್ಕಳೆಂದು ವಿಷ್ಣುಪುರಾಣ ಹೆಸರಿಸುವುದು ನಿಶಠ, ಉಲ್ಮುಕ ಎಂಬ ಗಂಡುಮಕ್ಕಳನ್ನು, ಮಗಳ ಸುದ್ದಿಯಿಲ್ಲ. ಹಾಗಿದ್ದ ಮೇಲೆ 1957ರ ಮಾರ್ಚ್ 27ರಂದು ತೆಲುಗಿನಲ್ಲಿ, ಏಪ್ರಿಲ್ 12ರಂದು ತಮಿಳಿನಲ್ಲಿ ತೆರೆಕಂಡ 'ಮಾಯಾಬಜಾರ್' ಚಿತ್ರದ ನಾಯಕಿ, ಬಲರಾಮ–ರೇವತಿಯರ ಮುದ್ದಿನ ಮಗಳು ಶಶಿರೇಖೆ, ಎಲ್ಲಿಂದ ಬಂದಳು? ಇದು ಪುರಾಣಪಂಡಿತರ ತಕರಾರಿನಂತೆ ಕೇಳಿಸಬಹುದು. ನಾನು ಇದರ ಬೆನ್ನು ಹತ್ತಿದ್ದು ಬೇರೊಂದು ಪ್ರಶ್ನೆಗೆ ಉತ್ತರ ಹುಡುಕುತ್ತ: ಯುದ್ಧವಿಲ್ಲದ, ಕಣ್ಣೀರು ಹೆಚ್ಚಿಲ್ಲದ, ಮೂರು ಗಂಟೆಯುದ್ದಕ್ಕೂ ನಗಿಸುತ್ತಲೇ ಹೋಗುವ ಈ ಮಾಯಾಮಂತ್ರದ ಸಿನಿಮಾ ಇಷ್ಟು ವರ್ಷವಾದರೂ ಹಳತಾಗಿಲ್ಲವೇಕೆ?

ಹಳತಾಗಿಲ್ಲ ಎನ್ನುವುದಕ್ಕೆ ಆಧಾರವೇನೆಂದು ಮೊದಲು ನೋಡಬೇಕು. 2010ರ ಜನವರಿಯಲ್ಲಿ ಹೈದರಾಬಾದಿನ ಸಂಸ್ಥೆಯೊಂದು ಈ ಕಪ್ಪು-ಬಿಳುಪು ಚಿತ್ರಕ್ಕೆ ಬಣ್ಣ ತುಂಬಿಸಿ ಮತ್ತೆ ಚಿತ್ರಮಂದಿರಕ್ಕೆ ತಂದಿತು. ಭಾರತೀಯ ಸಿನಿಮಾಕ್ಕೆ ನೂರು ತುಂಬಿದ 2013ರಲ್ಲಿ ಸುದ್ದಿವಾಹಿನಿಯೊಂದು ನಡೆಸಿದ ಮತದಾನದಲ್ಲಿ ದೇಶದ ಅತ್ಯುತ್ತಮ ಚಿತ್ರವೆಂದು ಗೆದ್ದದ್ದೂ ಇದೇ. ಎರಡನೆಯ ಸಾಕ್ಷ್ಯಕ್ಕೆ ನಾನು ಹೆಚ್ಚು ಬೆಲೆ ಕೊಡುವುದಿಲ್ಲ. ಅಂಥ ಮತದಾನ ಅಭಿಮಾನಿಗಳ ಉತ್ಸಾಹವನ್ನು ಅಳೆಯುತ್ತದೆ, ಚಿತ್ರದ ಗುಣವನ್ನಲ್ಲ. ಆದರೆ ಅರ್ಧ ಶತಮಾನ ದಾಟಿದ ಚಿತ್ರವೊಂದಕ್ಕೆ ವ್ಯಾಪಾರಸ್ಥರು ದುಡ್ಡು ಸುರಿಯುತ್ತಾರೆಂದರೆ ಅದನ್ನು ತಳ್ಳಿಹಾಕುವಂತಿಲ್ಲ. ಹಾಡು, ಮಿಮಿಕ್ರಿ, ಮದುವೆಮನೆಯ ತಮಾಷೆಗಳಲ್ಲಿ ಇನ್ನೂ ಓಡಾಡಿಕೊಂಡಿರುವ ಸಿನಿಮಾ ಇದು.

ಕಾರಣ ಕೇಳಿದರೆ ಎಲ್ಲರೂ ಕೊಡುವ ಪಟ್ಟಿ ಒಂದೇ: ಘಟೋತ್ಕಚನಾಗಿ ಎಸ್.ವಿ. ರಂಗಾರಾವ್, ಶಶಿರೇಖೆಯಾಗಿ ಸಾವಿತ್ರಿ, ಕೃಷ್ಣನಾಗಿ ಎನ್.ಟಿ. ರಾಮರಾವ್, ಮಾರ್ಕಸ್ ಬಾರ್ಟ್ಲಿಯ ಕ್ಯಾಮೆರಾ, ಪಿಂಗಳಿ ನಾಗೇಂದ್ರರಾವ್ ಮಾತು-ಹಾಡು, ಕೆ.ವಿ. ರೆಡ್ಡಿಯ ಕಟ್ಟುನಿಟ್ಟಿನ ನಿರ್ದೇಶನ. ಒಂದೂ ಸುಳ್ಳಲ್ಲ. ಆದರೆ ಈ ಚಿತ್ರವನ್ನು ನಿರ್ಮಿಸಿದ ವಿಜಯಾ ಸಂಸ್ಥೆಗೇ ಇದೇ ಕೆ.ವಿ. ರೆಡ್ಡಿ 1951ರಲ್ಲಿ ಮಾಡಿದ 'ಪಾತಾಳಭೈರವಿ'ಯನ್ನು ಪಕ್ಕಕ್ಕಿಟ್ಟು ನೋಡಿ. ಬಾರ್ಟ್ಲಿ, ಪಿಂಗಳಿ, ಸಂಗೀತದ ಘಂಟಸಾಲ, ರಾಮರಾವ್, ರಂಗಾರಾವ್ ಎಲ್ಲರೂ ಅಲ್ಲಿದ್ದಾರೆ. ಅದೂ ಮಾಯಾಮಂತ್ರದ ಚಿತ್ರವೇ, ಅದೂ ಭರ್ಜರಿಯಾಗಿ ಓಡಿದ್ದೇ. ಜನ ಅದನ್ನು ನೆನೆಯುತ್ತಾರೆ. 'ಮಾಯಾಬಜಾರ್'ನ್ನಾದರೋ ಮತ್ತೆ ಕೂತು ನೋಡುತ್ತಾರೆ. ಹೋಲಿಕೆ ಪೂರ್ತಿ ನ್ಯಾಯವಾದುದಲ್ಲ, ಆರು ವರ್ಷದಲ್ಲಿ ತಂಡದ ಕೈ ಪಳಗಿತ್ತು ಎನ್ನಬಹುದು. ಆದರೂ ಎರಡರ ನಡುವೆ ನಿಜವಾಗಿ ಬದಲಾದದ್ದು ಕಥೆ. ಹಾಗಾಗಿ ಕಥೆಯ ಮೂಲಕ್ಕೆ ಹೋಗಬೇಕಾಯಿತು.

ಕಥೆ ಗೊತ್ತಿಲ್ಲದವರಿಗಾಗಿ ಎರಡು ಮಾತು. ಶಶಿರೇಖೆಯನ್ನು ಸುಭದ್ರೆಯ ಮಗ ಅಭಿಮನ್ಯುವಿಗೆ ಕೊಡುವುದೆಂದು ಮಕ್ಕಳು ಚಿಕ್ಕವರಿದ್ದಾಗಲೇ ಮಾತಾಗಿರುತ್ತದೆ. ಜೂಜಿನಲ್ಲಿ ಪಾಂಡವರು ಎಲ್ಲ ಕಳೆದುಕೊಂಡ ಮೇಲೆ ರೇವತಿಗೆ ಆ ಸಂಬಂಧ ಬೇಡವಾಗುತ್ತದೆ. ಯಾದವರ ಬೆಂಬಲ ಬೇಕಿದ್ದ ದುರ್ಯೋಧನ ತನ್ನ ಮಗ ಲಕ್ಷ್ಮಣಕುಮಾರನಿಗೆ ಹೆಣ್ಣು ಕೇಳುತ್ತಾನೆ, ಬಲರಾಮ ಒಪ್ಪುತ್ತಾನೆ. ಮನೆ ಬಿಟ್ಟು ಹೊರಟ ಸುಭದ್ರೆ-ಅಭಿಮನ್ಯು ಕಾಡಿನಲ್ಲಿ ಘಟೋತ್ಕಚನನ್ನು ಸೇರುತ್ತಾರೆ. ಅವನು ಮಲಗಿದ್ದ ಶಶಿರೇಖೆಯನ್ನು ಮಂಚದ ಸಮೇತ ಹಾರಿಸಿ ತಂದು, ತಾನೇ ಶಶಿರೇಖೆಯ ರೂಪ ಧರಿಸಿ ದ್ವಾರಕೆಯಲ್ಲಿ ಕೂರುತ್ತಾನೆ.

ಮೊದಲು ಚಿತ್ರದ ಸುತ್ತಲಿನ ದಾಖಲೆಗಳನ್ನೇ ಜಾಲಾಡಿದೆ. ಇಲ್ಲಿ ಯಾವುದನ್ನೂ ಒಮ್ಮೆಗೇ ನಂಬುವಂತಿಲ್ಲ. ಸಂಗೀತವನ್ನೇ ತೆಗೆದುಕೊಳ್ಳಿ. ಹೆಸರು ಘಂಟಸಾಲರದು, ಆದರೆ ಮೊದಲು ಈ ಕೆಲಸ ಹಿಡಿದವರು ಸಾಲೂರಿ ರಾಜೇಶ್ವರರಾವ್, ನಾಲ್ಕು ಹಾಡುಗಳ ಮಟ್ಟು ಹಾಕಿದ ಮೇಲೆ ಅವರು ಬಿಟ್ಟು ಹೋದರು, ವಾದ್ಯವೃಂದ ಜೋಡಿಸಿ ಉಳಿದದ್ದನ್ನು ಮುಗಿಸಿದವರು ಘಂಟಸಾಲ. ಘಟೋತ್ಕಚ ಒಬ್ಬನೇ ಕೂತು ಮದುವೆಯ ಅಡಿಗೆಯನ್ನೆಲ್ಲ ಖಾಲಿ ಮಾಡುವ ಆ ಪ್ರಸಿದ್ಧ ಊಟದ ಹಾಡು ಪಿಂಗಳಿಯವರ ಕೈಚಳಕವೆಂದು ಬಹಳ ಜನ ತಿಳಿದಿದ್ದಾರೆ. ಹಿಂದಕ್ಕೆ ಹೋದಂತೆ ಅದರ ಬೇರು ಸುರಭಿ ನಾಟಕ ಕಂಪನಿಯ ರಂಗದ ಮೇಲೂ, ಅದಕ್ಕೂ ಹಿಂದಿನ 1936ರ ತೆಲುಗು ಚಿತ್ರದಲ್ಲೂ ಸಿಗುತ್ತದೆ. ಮಟ್ಟು ಒಂದು ಹರಿಕಥೆಯ ಗ್ರಾಮಫೋನ್ ತಟ್ಟೆಯಿಂದ ಬಂತೆಂಬ ಹೇಳಿಕೆಯೂ ಇದೆ. ಹೀಗೆ ಚಿತ್ರದ ಅತ್ಯಂತ ಸ್ವಂತವೆನಿಸುವ ಭಾಗವೇ ಎರವಲು. ಇದರಿಂದ ನನಗೆ ಬೇಸರವಾಗಲಿಲ್ಲ, ಕುತೂಹಲ ಹೆಚ್ಚಿತು. ಹಾಡಿಗೇ ಇಷ್ಟು ಹಿಂದಿನ ಚರಿತ್ರೆಯಿದ್ದರೆ ಕಥೆಗೆ ಎಷ್ಟಿರಬೇಡ?

1936ರ ಚಿತ್ರದ ನಿರ್ದೇಶಕರು ಪಿ.ವಿ. ದಾಸ್. ಹೆಸರು 'ಮಾಯಾಬಜಾರ್' ಎಂದೇ, 'ಶಶಿರೇಖಾ ಪರಿಣಯಂ' ಎಂದೂ ಕರೆಯುತ್ತಿದ್ದರು. ಅದಕ್ಕೂ ಹದಿನೈದು ವರ್ಷ ಹಿಂದೆ, 1921ರಲ್ಲಿ, ಕೊಲ್ಹಾಪುರದ ಬಾಬುರಾವ್ ಪೇಂಟರ್ ಮೂಕಿಚಿತ್ರವೊಂದನ್ನು ಮಾಡಿದ್ದರು: 'ಸುರೇಖಾ ಹರಣ'. ಮುಂದೆ ದೊಡ್ಡ ಹೆಸರಾದ ವಿ. ಶಾಂತಾರಾಮ್ ಮೊದಲು ತೆರೆಯ ಮೇಲೆ ಬಂದದ್ದು ಅದರಲ್ಲೇ. ಕಥೆ ಇದೇ, ಹುಡುಗಿಯ ಹೆಸರು ಮಾತ್ರ ಸುರೇಖೆ. 1957ರ ತಮಿಳು ಅವತರಣಿಕೆಯಲ್ಲಿ ಅವಳು ವತ್ಸಲೆ. ಮರಾಠಿಯಲ್ಲೂ ವತ್ಸಲೆಯ ಹೆಸರು ಪರಿಚಿತವೇ. ಎಲ್ಲವೂ ನಾಟಕ ಕಂಪನಿಗಳ ಕಾಲಕ್ಕೆ ಬಂದು ನಿಲ್ಲುತ್ತಿದ್ದವು.

ಇಲ್ಲಿ ಒಂದು ಊಹೆ ತಾನಾಗಿ ಎದ್ದಿತು, ಬಹಳ ಆಕರ್ಷಕವಾದ ಊಹೆ. ಹಾರುವ ಮಂಚ, ಕಣ್ಣೆದುರೇ ರೂಪ ಬದಲಿಸುವ ರಾಕ್ಷಸ, ತಾನಾಗಿ ಬಾಯಿಗೆ ಬೀಳುವ ಲಾಡು, ಒಂದೇ ರಾತ್ರಿಯಲ್ಲಿ ಏಳುವ ಊರು: ಇವೆಲ್ಲ ಪರದೆ, ತಂತಿ, ಗುಪ್ತ ಬಾಗಿಲುಗಳ ಟ್ರಿಕ್ ಸೀನರಿಗೆ ಹೇಳಿಮಾಡಿಸಿದಂತಿವೆ. 1885ರಲ್ಲಿ ಕಡಪ ಸೀಮೆಯಲ್ಲಿ ಶುರುವಾದ ಸುರಭಿ ಕಂಪನಿ ಇಂದಿಗೂ ಜನ ಸೇರಿಸುವುದು ಇಂಥ ದೃಶ್ಯಗಳಿಂದಲೇ. ಅಂದರೆ ಹತ್ತೊಂಬತ್ತನೆಯ ಶತಮಾನದ ರಂಗತಂತ್ರವೇ ಈ ಕಥೆಯನ್ನು ಹುಟ್ಟಿಸಿತೇ? ಹಾಗಿದ್ದರೆ ನನ್ನ ಪ್ರಶ್ನೆಗೆ ಉತ್ತರವೂ ಸುಲಭ: ಚಮತ್ಕಾರ ತೋರಿಸಲೆಂದು ಹೆಣೆದ ಕಥೆ, ಚಮತ್ಕಾರಕ್ಕೆಂದೇ ಹುಟ್ಟಿದ ಸಿನಿಮಾಕ್ಕೆ ದಕ್ಕಿತು, ಮುಗಿಯಿತು.

ಈ ಊಹೆಗೆ ಅಡ್ಡ ನಿಂತದ್ದು ನಮ್ಮ ಯಕ್ಷಗಾನ. ಕರಾವಳಿಯವರು ಈ ಕಥೆಗೆ ತೆಲುಗು ಸಿನಿಮಾಕ್ಕಾಗಿ ಕಾಯಬೇಕಿರಲಿಲ್ಲ. 1965ರಲ್ಲಿ 'ಮಾಯಾಬಜಾರ್' ಕನ್ನಡಕ್ಕೆ ಡಬ್ ಆಗಿ ಬಂದಾಗ (ಡಬ್ಬಿಂಗ್ ವಿರೋಧಿ ಚಳವಳಿ ಬಾಗಿಲು ಮುಚ್ಚುವ ಮೊದಲು ಒಳಬಂದ ಕೊನೆಯ ಚಿತ್ರವೆಂದು ಅದನ್ನು ಹೇಳುವುದುಂಟು) ಅಲ್ಲಿನ ಪ್ರೇಕ್ಷಕರಿಗೆ ಶಶಿರೇಖೆ ಹಳೆಯ ಪರಿಚಯದವಳು, ಕನಕಾಂಗಿ. 'ಕನಕಾಂಗಿ ಕಲ್ಯಾಣ' ಪ್ರಸಂಗದಲ್ಲಿ ಬಲರಾಮನ ಮನೆಯಿಂದ ನೊಂದು ಹೊರಡುವ ಸುಭದ್ರೆಯಿದ್ದಾಳೆ, ಗುರುತಿಲ್ಲದೆ ಕಾದಾಡುವ ಅಭಿಮನ್ಯು-ಘಟೋತ್ಕಚರಿದ್ದಾರೆ, ಮಾಯಾ ಕನಕಾಂಗಿಯೂ ಇದ್ದಾಳೆ. ಬಯಲಾಟದ ರಂಗಕ್ಕೆ ತಂತಿಯೂ ಇಲ್ಲ, ಪರದೆಯ ಹಿಂದಿನ ಯಂತ್ರವೂ ಇಲ್ಲ. ಚೆಂಡೆಯ ಪೆಟ್ಟು, ಭಾಗವತರ ಪದ, ಅರ್ಥಗಾರಿಕೆ, ಇಷ್ಟರಲ್ಲೇ ರೂಪ ಬದಲಾಗಬೇಕು. ಟ್ರಿಕ್ ಸೀನರಿ ಇಲ್ಲದ ಕಡೆಯಲ್ಲೂ ಕಥೆ ಗಟ್ಟಿಯಾಗಿ ನಿಂತಿದೆಯೆಂದರೆ ಅದು ಟ್ರಿಕ್ ಸೀನರಿಯ ಕೂಸು ಎನ್ನುವುದು ಕಷ್ಟ. ತಮಿಳಿನಲ್ಲೂ 'ಅಭಿಮನ್ಯು ಸುಂದರಿ ಮಾಲೆ' ಎಂಬ ಜನಪದ ಕಥನಗೀತೆ ಇದೆ. ಅಲ್ಲಿ ಹುಡುಗಿ ಸುಂದರಿ. ಆದರೆ ಬಾಯಿಂದ ಬಾಯಿಗೆ, ಓಲೆಯಿಂದ ಓಲೆಗೆ ಬೆಳೆದ ಇಂಥ ಪಠ್ಯಗಳಿಗೆ ಖಚಿತವಾದ ಇಸವಿ ಹಚ್ಚಲು ಹೊರಟವರು ಕೆಸರಲ್ಲಿ ಕಾಲಿಟ್ಟಂತೆಯೇ. ಊಹೆ ಸಡಿಲವಾಯಿತು, ಸಾಯಲಿಲ್ಲ.

ಹಾಗಾಗಿ ಮತ್ತೊಂದು ತುದಿಯಿಂದ ಶುರುಮಾಡಿದೆ, ಮಹಾಭಾರತದಿಂದ. ಪುಣೆಯ ಭಂಡಾರಕರ್ ಸಂಸ್ಥೆಯ ಪರಿಷ್ಕೃತ ಪಠ್ಯದಲ್ಲಿ ಶಶಿರೇಖೆ, ವತ್ಸಲೆ, ಕನಕಾಂಗಿ ಯಾರೂ ಇಲ್ಲ. ಅಷ್ಟೇ ಅಲ್ಲ, ಅಭಿಮನ್ಯು–ಉತ್ತರೆಯರ ಮದುವೆಗೆ ಉಪಪ್ಲವ್ಯಕ್ಕೆ ಬಂದವರಲ್ಲಿ ಬಲರಾಮನೂ ಒಬ್ಬ. ಸ್ವಂತ ಅಳಿಯನ ಎರಡನೆಯ ಮದುವೆಗೆ ಮಾವ ಇಷ್ಟು ನೆಮ್ಮದಿಯಿಂದ ಬಂದು ಕೂರುವುದುಂಟೇ? ಮಗಳ ಕಥೆ ವ್ಯಾಸನಿಗೆ ಗೊತ್ತಿರಲಿಲ್ಲ ಎನ್ನಲು ನನಗೆ ಇದು ಮೌನಕ್ಕಿಂತ ಬಲವಾದ ಸಾಕ್ಷಿ.

ಆದರೆ ಬೀಜಗಳಿವೆ. ವನಪರ್ವದಲ್ಲಿ, ಪಾಂಡವರು ಕಾಡಿಗೆ ಬಂದಾಗ, ಸುಭದ್ರೆಯನ್ನೂ ಅಭಿಮನ್ಯುವನ್ನೂ ಕೃಷ್ಣ ರಥದಲ್ಲಿ ಕೂರಿಸಿಕೊಂಡು ದ್ವಾರಕೆಗೆ ಹೋಗುತ್ತಾನೆ. ಹುಡುಗ ಸೋದರಮಾವಂದಿರ ಮನೆಯಲ್ಲಿ ಬೆಳೆದನೆಂದಾಯಿತು. ಅದೇ ಪರ್ವದಲ್ಲಿ ಗಂಧಮಾದನದ ಹಾದಿಯಲ್ಲಿ ದ್ರೌಪದಿ ಕುಸಿದಾಗ ಭೀಮ ನೆನೆದ ಕೂಡಲೇ ಘಟೋತ್ಕಚ ಬರುತ್ತಾನೆ, ಅವಳನ್ನು ಎತ್ತಿಕೊಂಡು ಹೋಗುತ್ತಾನೆ. ಮನೆಯ ಹೆಣ್ಣನ್ನು ಹೊತ್ತು ಸಾಗಿಸುವ ಹಿರಿಯಣ್ಣ ಆಗಲೇ ಸಿದ್ಧವಾಗಿದ್ದಾನೆ. ಇನ್ನೊಂದು ಸುಳಿವು ಭಾಗವತದ ದಶಮಸ್ಕಂಧದಲ್ಲಿದೆ: ಕೃಷ್ಣನ ಮಗ ಸಾಂಬ ದುರ್ಯೋಧನನ ಮಗಳನ್ನು ಹೊತ್ತೊಯ್ಯುತ್ತಾನೆ, ಸೆರೆ ಸಿಗುತ್ತಾನೆ, ಸಂಧಾನಕ್ಕೆ ಹೋದ ಬಲರಾಮ ಅವಮಾನಗೊಂಡು ನೇಗಿಲಿನಿಂದ ಹಸ್ತಿನಾವತಿಯನ್ನೇ ಗಂಗೆಗೆ ಎಳೆಯಲು ಹೊರಡುತ್ತಾನೆ. ಆ ಮಗಳ ಹೆಸರು ಲಕ್ಷ್ಮಣೆ. ನಮ್ಮ ಕಥೆಯ ಮದುಮಗ ದುರ್ಯೋಧನನ ಮಗ ಲಕ್ಷ್ಮಣ. ಒಂದರಲ್ಲಿ ಕೌರವರ ಹುಡುಗಿ ಯಾದವರ ಮನೆಗೆ, ಇನ್ನೊಂದರಲ್ಲಿ ಯಾದವರ ಹುಡುಗಿಗಾಗಿ ಕೌರವರ ಕಾಟ. ಎರಡರಲ್ಲೂ ಹರಣ, ನಡುವೆ ಸಿಕ್ಕಿಕೊಂಡ ಬಲರಾಮ. ಭಾಗವತದ ಕಥೆಯನ್ನೇ ಯಾರೋ ತಿರುವಿಹಾಕಿ ಶಶಿರೇಖೆಯ ಕಥೆ ಮಾಡಿದರೆಂದು ನನ್ನ ಗುಮಾನಿ. ಗುಮಾನಿ ಎಂದೇ ಇದನ್ನು ಇಡುತ್ತೇನೆ. ಎರಡನ್ನೂ ಜೋಡಿಸುವ ನಡುವಿನ ಕೊಂಡಿ ಇಲ್ಲದೆ ಇದಕ್ಕಿಂತ ಮುಂದೆ ಹೋಗುವುದು ಸರಿಯಲ್ಲ.

ಕಾಲದ ವಿಷಯದಲ್ಲಿ ಗಂಟು ಬಿಚ್ಚಿದ್ದು ನಾನು ಹುಡುಕುತ್ತಲೇ ಇರದಿದ್ದ ದಿಕ್ಕಿನಲ್ಲಿ. ಝೂಟ್‌ಮುಲ್ಡರ್ ಎಂಬ ಡಚ್ ಮೂಲದ ಜೆಸ್ವಿಟ್ ವಿದ್ವಾಂಸರು ಹಳೆಯ ಜಾವಾ ಭಾಷೆಯ ಕಾವ್ಯಗಳನ್ನು ಕುರಿತು 1974ರಲ್ಲಿ 'ಕಲಂಗ್ವಾನ್' ಎಂಬ ದೊಡ್ಡ ಗ್ರಂಥ ಪ್ರಕಟಿಸಿದರು. ಅದರಲ್ಲಿ ಚರ್ಚೆಗೆ ಬರುವ ಕಾವ್ಯಗಳಲ್ಲಿ ಒಂದರ ಶೀರ್ಷಿಕೆ 'ಘಟೋತ್ಕಚಾಶ್ರಯ'. ಬರೆದವನು ಎಂಪು ಪನುಲುಹ್, ಪೂರ್ವ ಜಾವಾದ ಕೆದಿರಿ ರಾಜ್ಯದ ಕವಿ. ಕಥಾಸಾರ ಓದುತ್ತ ಹೋದಂತೆ ಕುರ್ಚಿಯ ತುದಿಗೆ ಬಂದೆ. ಅಭಿಮನ್ಯು ದ್ವಾರಾವತಿಯಲ್ಲಿ ಕ್ಷಿತಿಸುಂದರಿ ಎಂಬ ಹುಡುಗಿಯನ್ನು ಪ್ರೀತಿಸುತ್ತಾನೆ. ಅವಳನ್ನು ದುರ್ಯೋಧನನ ಮಗ ಲಕ್ಷ್ಮಣಕುಮಾರನಿಗೆ ಕೊಡುವುದೆಂದು ಗೊತ್ತಾಗಿದೆ. ದ್ವಾರಾವತಿ ಬಿಟ್ಟ ಅಭಿಮನ್ಯು ಕಾಡು ಅಲೆದು ಘಟೋತ್ಕಚನನ್ನು ಸೇರುತ್ತಾನೆ. ಹುಡುಗಿಯನ್ನು ಪಾರುಮಾಡಿ, ಅವಳ ರೂಪದಲ್ಲಿ ಮದುಮಗನನ್ನು ಎದುರುಗೊಳ್ಳುವವನು ಘಟೋತ್ಕಚ.

ಇದೇ ಪನುಲುಹ್, ಎಂಪು ಸೆದಹ್ ಎಂಬ ಇನ್ನೊಬ್ಬ ಕವಿ 1157ರಲ್ಲಿ ಆರಂಭಿಸಿದ 'ಭಾರತಯುದ್ಧ' ಕಾವ್ಯವನ್ನು ಪೂರ್ತಿಗೊಳಿಸಿದವನು. 'ಘಟೋತ್ಕಚಾಶ್ರಯ' ಅದರ ನಂತರದ್ದು. ಅಂದರೆ ಕಂಪನಿ ನಾಟಕದ ಮೊದಲ ಪರದೆ ಏಳುವುದಕ್ಕೆ ಹತ್ತಿರಹತ್ತಿರ ಏಳು ಶತಮಾನ ಮೊದಲೇ, ಕಡಲಾಚೆಯ ದ್ವೀಪವೊಂದರಲ್ಲಿ, ಕಥೆಯ ಅಸ್ಥಿಪಂಜರ ಪೂರ್ತಿ ಸಿದ್ಧವಿತ್ತು. ಅದೇ ಎದುರಾಳಿ, ಅದೇ ಸಹಾಯಕ, ಅದೇ ವೇಷಪಲ್ಲಟ. ಇದರಲ್ಲಿ ಒಂದು ಹೊಂದಿದ್ದರೆ ಕಾಕತಾಳೀಯ ಎನ್ನಬಹುದಿತ್ತು. ಮೂರೂ ಹೊಂದಿದ ಮೇಲೆ ಅಲ್ಲಿಯದೂ ಇಲ್ಲಿಯದೂ ಬೇರೆ ಬೇರೆ ಹುಟ್ಟಿದವು ಎಂದು ವಾದಿಸುವವರ ಮೇಲೇ ಹೊರೆ ಬೀಳುತ್ತದೆ. ಟ್ರಿಕ್ ಸೀನರಿಯ ಊಹೆ ಇಲ್ಲಿಗೆ ಸತ್ತಿತು.

ವ್ಯತ್ಯಾಸವೊಂದಿದೆ, ಮುಖ್ಯವಾದುದೇ. ಕ್ಷಿತಿಸುಂದರಿ ಕೃಷ್ಣನ ಮಗಳು, ಬಲರಾಮನದಲ್ಲ. ಹೆಸರಿನ ಕೊನೆ ತಮಿಳಿನ ಸುಂದರಿಯನ್ನು ನೆನಪಿಸುತ್ತದೆ; ಆದರೆ ಸುಂದರಿ ಎಂಬುದು ಯಾರಿಗೆ ಬೇಕಾದರೂ ಇಡಬಹುದಾದ ಹೆಸರು, ಅದರ ಮೇಲೆ ಮನೆ ಕಟ್ಟಲಾರೆ. ಕಥೆ ಇಲ್ಲಿಂದ ಅಲ್ಲಿಗೆ ಹೋಯಿತೇ, ಅಲ್ಲಿಂದ ಇಲ್ಲಿಗೆ ಬಂತೇ? ನಾನು ಒಲಿಯುವುದು ಮೊದಲನೆಯದಕ್ಕೆ, ಕಾರಣ ಕಾವ್ಯದೊಳಗಿನದಲ್ಲ, ನೆಂಟಸ್ತಿಕೆಯದು. ಕೃಷ್ಣನ ಮಗಳಾಗಲಿ ಬಲರಾಮನ ಮಗಳಾಗಲಿ, ಅಭಿಮನ್ಯುವಿಗೆ ಅವಳು ಸೋದರಮಾವನ ಮಗಳೇ. ಉತ್ತರ ಭಾರತದ ಬಹುಪಾಲು ಕಡೆ ನಿಷಿದ್ಧವಾದ ಈ ಸಂಬಂಧ ಕನ್ನಡ, ತೆಲುಗು, ತಮಿಳು ಸೀಮೆಗಳಲ್ಲಿ, ಮರಾಠಿಯ ಹಲವು ಸಮುದಾಯಗಳಲ್ಲಿ, ಸೋದರಿಕೆಯ ಹಕ್ಕು. ಶಶಿರೇಖೆ, ವತ್ಸಲೆ, ಕನಕಾಂಗಿ, ಸುರೇಖೆಯರು ಸಿಕ್ಕಿದ ಭಾಷೆಗಳನ್ನು ಭೂಪಟದಲ್ಲಿ ಗುರುತು ಮಾಡಿದರೆ ಅದು ಹೆಚ್ಚುಕಡಿಮೆ ಇದೇ ಸೀಮೆ.

ಚಿತ್ರದ ಆಕರ್ಷಣೆಯ ಒಂದು ಎಳೆ ನನಗೆ ಸಿಕ್ಕಿದ್ದು ಇಲ್ಲಿ. ಮಾಯೆಯನ್ನೆಲ್ಲ ಕಳಚಿದರೆ ಉಳಿಯುವುದು ಎಷ್ಟು ಸಾಮಾನ್ಯ ಸಂಗತಿ! ಅಕ್ಕತಂಗಿಯ ಮನೆ ಅನುಕೂಲವಾಗಿದ್ದಾಗ ಕೊಟ್ಟ ಮಾತು, ಅವರು ನೆಲಕಚ್ಚಿದಾಗ ಮರೆತುಹೋಗುವ ಮಾತು. ಚಿತ್ರದಲ್ಲಿ ಪ್ರಿಯದರ್ಶಿನಿ ಎಂಬ ಪೆಟ್ಟಿಗೆಯೊಂದು ಬರುತ್ತದೆ. ತೆರೆದವರಿಗೆ ತಮಗೆ ಅತ್ಯಂತ ಪ್ರಿಯವಾದದ್ದು ಅದರಲ್ಲಿ ಕಾಣುತ್ತದೆ. ಶಶಿರೇಖೆಗೆ ಅಭಿಮನ್ಯು ಕಾಣುತ್ತಾನೆ, ಬಲರಾಮನಿಗೆ ಶಿಷ್ಯ ದುರ್ಯೋಧನ, ರೇವತಿಗೆ ಒಡವೆ-ವಸ್ತು. ನಗು ಬರುತ್ತದೆ, ಆದರೆ ಅತ್ತೆಗೆ ಚಿನ್ನ ಕಂಡ ಗಳಿಗೆಯಲ್ಲೇ ಹುಡುಗನಿಗೆ ಆ ಮನೆಯಲ್ಲಿ ಜಾಗವಿಲ್ಲವೆಂದು ನಮಗೆ ಗೊತ್ತಾಗಿಬಿಡುತ್ತದೆ. ಬಡತನಕ್ಕೆ ಬಿದ್ದ ನಾದಿನಿ ತವರಿನ ಹೊಸ್ತಿಲಲ್ಲಿ ನಿಂತ ದೃಶ್ಯಕ್ಕೆ ನಮ್ಮ ಕಡೆ ಟಿಪ್ಪಣಿ ಬೇಡ. ರಾಕ್ಷಸನೊಬ್ಬ ನೆಂಟನಾಗಿದ್ದು, ನಮ್ಮ ಪರವಾಗಿ ಆ ಮದುವೆಮನೆಗೆ ನುಗ್ಗಿ ಲೂಟಿ ಮಾಡಿದರೆ ಎಷ್ಟು ಚೆನ್ನ!

ಇನ್ನೊಂದು ಎಳೆ ಇದಕ್ಕಿಂತ ಕಪ್ಪು. ಚಿತ್ರದಲ್ಲಿ ಪಾಂಡವರು ಒಮ್ಮೆಯೂ ತೆರೆಗೆ ಬರುವುದಿಲ್ಲ. ಅವರ ಮಾತೇ ಎಲ್ಲೆಲ್ಲೂ, ಅವರು ಮಾತ್ರ ಇಲ್ಲ. ಕುರುಕ್ಷೇತ್ರದ ನೆರಳು ಒಳಬರಬಹುದಾದ ಬಾಗಿಲನ್ನು ಕೆ.ವಿ. ರೆಡ್ಡಿ ಹೀಗೆ ಮುಚ್ಚಿದರೆಂದು ತೋರುತ್ತದೆ. ಆದರೆ ನೋಡುವವರಿಗೆ ಮುಂದಿನದು ಗೊತ್ತು. ದ್ರೋಣಪರ್ವದಲ್ಲಿ ಯುದ್ಧದ ಹದಿಮೂರನೆಯ ದಿನ ಲಕ್ಷ್ಮಣನನ್ನು ಅಭಿಮನ್ಯು ಕೊಲ್ಲುತ್ತಾನೆ, ಅದೇ ದಿನ ತಾನೂ ಸಾಯುತ್ತಾನೆ. ಮರುದಿನ ರಾತ್ರಿ ಕರ್ಣನ ಶಕ್ತ್ಯಾಯುಧಕ್ಕೆ ಘಟೋತ್ಕಚ ಬಲಿ. ಮದುವೆಮನೆಯ ಹುಡುಗರು ಮೂವರೂ ಎರಡು ದಿನದೊಳಗೆ ಇಲ್ಲ. ಚಿತ್ರದ ಹಗುರತನ ನಮ್ಮನ್ನು ಹಿಡಿಯುವುದು ಈ ತಿಳಿವಳಿಕೆಯ ಮೇಲೆ ನಿಂತು ಎಂದು ನನಗೆ ಬಹುಕಾಲದಿಂದ ಅನ್ನಿಸಿತ್ತು. ಆದರೆ ಇದು ಓದಿದವನ ಕಲ್ಪನೆಯಾಗಿರಬಾರದೇಕೆ? ಹತ್ತು ವರ್ಷದ ಹುಡುಗಿ ಘಟೋತ್ಕಚನ ಊಟ ನೋಡಿ ಕೇಕೆ ಹಾಕುವಾಗ ದ್ರೋಣಪರ್ವವನ್ನು ನೆನೆಯುತ್ತಿರುವುದಿಲ್ಲ. ಆ ಆಕ್ಷೇಪಕ್ಕೆ ನನ್ನಲ್ಲಿ ಪೂರ್ತಿ ಉತ್ತರವಿಲ್ಲ.

ಜಾವಾದ ಕಾವ್ಯಗಳಿಂದ ಅರ್ಧ ಉತ್ತರ ಸಿಗುತ್ತದೆ. 'ಭಾರತಯುದ್ಧ'ದಲ್ಲಿ ಅಭಿಮನ್ಯು ಸತ್ತಾಗ ಗರ್ಭಿಣಿಯಾದ ಉತ್ತರೆ ಉಳಿಯುತ್ತಾಳೆ, ಕ್ಷಿತಿಸುಂದರಿ ಚಿತೆಯೇರುತ್ತಾಳೆ. ಆ ಕಾವ್ಯವನ್ನು ಮುಗಿಸಿಕೊಟ್ಟ ಕವಿಯೇ ಮುಂದೆ ಅದೇ ಹುಡುಗಿಯ ಪ್ರೇಮಪ್ರಸಂಗವನ್ನು ಬರೆಯಲು ಕೂತ. ಕೇಳುವ ಮಕ್ಕಳಿಗೆ ಗೊತ್ತಿರಲಿ ಬಿಡಲಿ, ಕಥೆ ಹೇಳುವವನಿಗೆ ಅಂತ್ಯ ಗೊತ್ತಿತ್ತು. ಗೊತ್ತಿದ್ದೂ ಹಿಂದಕ್ಕೆ ಹೋಗಿ ಅವರಿಗೊಂದು ಸಂತೋಷದ ಮದುವೆ ಮಾಡಿಸಿದ. ಮಹಾಭಾರತದಲ್ಲಿ ಅಭಿಮನ್ಯು-ಘಟೋತ್ಕಚರಿಗೆ ಸಾಯುವುದಕ್ಕೆ ಸಿಕ್ಕಷ್ಟು ಜಾಗ ಬದುಕುವುದಕ್ಕೆ ಸಿಕ್ಕಿಲ್ಲ. ಕೆದಿರಿಯ ಕವಿ, ಯಕ್ಷಗಾನದ ಪ್ರಸಂಗಕರ್ತರು, ವಿಜಯಾ ಸ್ಟುಡಿಯೋದವರು ತುಂಬಿಕೊಟ್ಟದ್ದು ಆ ಜಾಗವನ್ನೇ.

ಇಷ್ಟೆಲ್ಲ ಎರವಲೆಂದ ಮೇಲೆ 1957ರ ಚಿತ್ರದ ಸ್ವಂತದ್ದೇನು ಎಂದು ಕೇಳಬಹುದು. ಪ್ರಿಯದರ್ಶಿನಿ ಹೊಸದೇ ಇರಬಹುದು, ಆದರೆ ನಾನು ಬೆರಳಿಟ್ಟು ತೋರಿಸುವುದು ಒಂದು ನಡಿಗೆಯನ್ನು. ಕಾವ್ಯದಲ್ಲಿ ಘಟೋತ್ಕಚ ಹೆಣ್ಣಿನ ರೂಪ ತಾಳಿದ ಎಂದು ಬರೆದರೆ ಕವಿಯ ಕೆಲಸ ಮುಗಿಯಿತು. ಸಿನಿಮಾದಲ್ಲಿ ಅದನ್ನು ಯಾರಾದರೂ ಮೈಯಲ್ಲಿ ತರಬೇಕು. ಸಾವಿತ್ರಿ ರಂಗಾರಾವ್ ಅವರ ಭುಜ ಬೀಸುವ ರೀತಿ, ಎದೆ ಸೆಟೆಸುವ ಗತ್ತು, ಮೀಸೆಗೆ ಹೋಗಿ ತಟಕ್ಕನೆ ನಿಲ್ಲುವ ಕೈ ಇವನ್ನೆಲ್ಲ ರೇಷ್ಮೆ ಸೀರೆಯೊಳಗೆ ತಂದಿದ್ದಾರೆ. ಯಾರಾದರೂ ನೋಡಿದರೆ ಒಡನೆಯೇ ಲಜ್ಜೆಯ ಹುಡುಗಿ, ಕಣ್ಣು ತಪ್ಪಿದರೆ ದೈತ್ಯ. ಮಂಟಪದಲ್ಲಿ ಮದುಮಗನ ಪಾದವನ್ನು ತುಳಿಯುವಾಗ ಮುಖದಲ್ಲಿ ವಧುವಿನ ನಾಚಿಕೆ, ಕಾಲಿನಲ್ಲಿ ಘಟೋತ್ಕಚನ ಭಾರ. ಇದು ಯಾವ ಓಲೆಗರಿಯಲ್ಲೂ ಸಿಗುವಂಥದ್ದಲ್ಲ. ತೆಲುಗು, ತಮಿಳು ಎರಡಕ್ಕೂ ನಾಯಕಿ ಅವರೇ, ಮದುಮಗ ಮಾತ್ರ ಬೇರೆ: ತೆಲುಗಿನಲ್ಲಿ ರೇಲಂಗಿ, ತಮಿಳಿನಲ್ಲಿ ತಂಗವೇಲು. ಹಾಗಾಗಿ ಸಾವಿತ್ರಿ ಆ ಕಾಲನ್ನು ಇಬ್ಬರ ಪಾದದ ಮೇಲೂ ಇಡಬೇಕಾಯಿತು.